ಮೂರು ಮಡಿಕೆಯ ತೋಳು

ಜೂನ್ 30, ಸೋಮವಾರ

ಮೆಟ್ಟಿಲಲ್ಲಿ ಜಾರಿ ಬಲಗಾಲಿನ ಮೂಳೆ ಬಿರುಕು ಬಿಟ್ಟಿದೆ. ಆರು ವಾರ ಪ್ಲಾಸ್ಟರ್, ಕಾಲನ್ನು ನೆಲಕ್ಕೆ ಊರುವ ಹಾಗಿಲ್ಲ ಎಂದಿದ್ದಾರೆ ಡಾಕ್ಟರು. ಯಾರ ಹಂಗೂ ಇಲ್ಲದೆ ಈ ಮನೆಯಲ್ಲಿ ಬದುಕಿದವಳು ನಾನು. ಈಗ ಒಂದು ಲೋಟ ನೀರಿಗೂ ಕೂಗಬೇಕು.

ಕೂಗಿದರೆ ಬರುವವಳು ನನ್ನ ತಂಗಿ. ನೋಡಿಕೊಳ್ಳುತ್ತೇನೆಂದು ತಾನೇ ಬಂದಿದ್ದಾಳೆ. ನನಗಿಂತ ಹತ್ತು ವರ್ಷ ಚಿಕ್ಕವಳು, ಎಪ್ಪತ್ತಾದರೂ ಮನೆಯಲ್ಲಿ ಕರೆಯುವ ಹೆಸರು ಗುಬ್ಬಿಯೇ. ಶಾಲೆಯಲ್ಲಿ ಮಕ್ಕಳಿಗೆ ಚಿತ್ರ ಬಿಡಿಸಲು ಕಲಿಸುತ್ತಿದ್ದವಳು ನಿವೃತ್ತಳಾದ ಮೇಲೆ ಲೇಖಕಿಯಾಗಿದ್ದಾಳೆ. ಭಾನುವಾರದ ಪುರವಣಿಯಲ್ಲಿ ಅವಳ ಅಂಕಣ ಬರುತ್ತದೆ, 'ಆಗಿನ ಸಂಜೆಗಳು' ಎಂದು. ನಮ್ಮ ಬಾಲ್ಯ, ನಮ್ಮ ಓಣಿ, ನಮ್ಮ ಅಮ್ಮ. ಆಗಸ್ಟಿನಲ್ಲಿ ಅದೆಲ್ಲ ಪುಸ್ತಕವಾಗುತ್ತದಂತೆ.

ಕೆಳಗಿನ ಮನೆಯ ಟೈಲರ್ ನನ್ನ ಕಾಲು ನೋಡಲು ಬಂದು, ಅವಳ ಮುಖ ನೋಡುತ್ತಾ ಕೂತರು.

"ಏನಮ್ಮಾ, ಇವರು ನಿಮ್ಮ ಸ್ವಂತ ತಂಗಿ ಅಂತ ಒಂದು ಮಾತು ಹೇಳಬಾರದಾ? ಭಾನುವಾರ ನನ್ನ ಹೆಂಡತಿ ಜೋರಾಗಿ ಓದ್ತಾಳೆ, ನಾನು ಮಿಷನ್ ನಿಲ್ಲಿಸಿ ಕೇಳ್ತೀನಿ."

"ನನ್ನ ಕಾಲು ಹೇಗಿದೆ ಅಂತ ಕೇಳೋಕೆ ಬಂದ್ರೇನೋ ಅಂದ್ಕೊಂಡೆ."

"ಅದನ್ನೂ ಕೇಳೋಣ ಅಂತಲೇ ಬಂದೆ" ಎಂದು ಮತ್ತೆ ಅವಳ ಕಡೆಗೆ ತಿರುಗಿದರು.

ಕೋರ್ಟಿನಲ್ಲಿ ಸ್ಟೆನೊ ಆಗಿದ್ದಷ್ಟು ಕಾಲ ಬೇರೆಯವರ ಮಾತು ಬರೆದುಕೊಂಡೆ. ಹೇಳಿದ್ದನ್ನು ಹೇಳಿದ ಹಾಗೆ, ಸೇರಿಸದೆ, ಬಿಡದೆ. ಸುಮ್ಮನೆ ಬಿದ್ದಿರುವ ಬದಲು ಈಗ ನನ್ನದನ್ನೂ ಹಾಗೇ ಬರೆದಿಡೋಣ ಎಂದು ಈ ದಿನಚರಿ.

ಜುಲೈ 6, ಭಾನುವಾರ

ಇವತ್ತಿನ ಅಂಕಣ ರೇಡಿಯೊ ಬಗ್ಗೆ. ಪೇಪರಿನವನು ಎಸೆದು ಹೋದ ಕೂಡಲೇ ಗುಬ್ಬಿ ತಂದುಕೊಟ್ಟು, ನಾನು ಓದುವಷ್ಟು ಹೊತ್ತೂ ಅಡುಗೆಮನೆಯಲ್ಲಿ ಸದ್ದಿಲ್ಲದೆ ನಿಂತಿದ್ದಳು. ನನ್ನ ಬಾಯಿಂದ ಏನು ಬರುತ್ತದೋ ಎಂದು.

ಸಂಜೆ ರೇಡಿಯೊ ಹಾಕಿದರೆ ಅದು ಬಿಸಿಯಾಗಿ ಮಾತಾಡುವುದಕ್ಕೆ ಸ್ವಲ್ಪ ಹೊತ್ತು ಬೇಕಾಗುತ್ತಿತ್ತು. ಆ ಹೊತ್ತಿನಲ್ಲಿ ಅಮ್ಮ ಇವಳನ್ನು ಸೊಂಟಕ್ಕೇರಿಸಿಕೊಂಡು ರೇಡಿಯೊದ ಬೆನ್ನಿನ ತೂತುಗಳಿಂದ ಒಳಗೆ ಹೊತ್ತಿಕೊಳ್ಳುವ ಬಲ್ಬುಗಳನ್ನು ತೋರಿಸುತ್ತಿದ್ದಳಂತೆ. ಅದೊಂದು ಊರು, ಈ ದೀಪದ ಮನೆಯಲ್ಲಿ ವಾರ್ತೆ ಓದುವವರು, ಆ ದೀಪದ ಮನೆಯಲ್ಲಿ ಹಾಡುವವರು, ಮೂಲೆಯಲ್ಲಿ ಮಿಣಿಮಿಣಿ ಎನ್ನುವುದರಲ್ಲಿ ಕೆಮ್ಮುವ ತಾತ. ರೇಡಿಯೊ ಗೊರಗೊರ ಎಂದರೆ ತಾತನಿಗೆ ಕೆಮ್ಮು ಎಂದರ್ಥ.

ಚೆನ್ನಾಗಿ ಬರೆದಿದ್ದಾಳೆ. ಆದರೆ ರೇಡಿಯೊ ಕಂದು ಬಣ್ಣದ್ದಲ್ಲ, ಕಡುಗೆಂಪು. ಸದ್ದು ಹೆಚ್ಚಿಸುವ ಕಿವಿ ಎಡಗಡೆಗಲ್ಲ, ಬಲಗಡೆಗೆ ಇತ್ತು. ಅಷ್ಟು ಹೇಳಿದೆ.

"ಅಷ್ಟೇನಾ?" ಎಂದಳು.

"ಅಷ್ಟೇ."

ನನಗೆ ಆ ರೇಡಿಯೊ ಎಂದರೆ ಧೂಳು. ಹಿಂಬದಿ ಒರೆಸುವ ಕೆಲಸ ನನ್ನದು. ಅದೂ ಒಂದು ಕೈಯಲ್ಲಿ ಗುಬ್ಬಿಯನ್ನು ಹೊತ್ತುಕೊಂಡು. ಇಳಿಸಿದರೆ ವೈರು ಎಳೆಯುತ್ತಿದ್ದಳು, ಸುಮ್ಮನಿರಿಸಲು ಬಾಯಿಗೆ ಬಂದದ್ದೆಲ್ಲ ಹೇಳಬೇಕಾಗುತ್ತಿತ್ತು. ನನ್ನನ್ನು ಯಾರೂ ಎತ್ತಿಕೊಂಡು ಯಾವ ಊರನ್ನೂ ತೋರಿಸಲಿಲ್ಲ. ಅಮ್ಮ ನನ್ನೊಡನೆ ಆಡುತ್ತಿದ್ದ ಮಾತು ಎರಡೇ: ಬಟ್ಟೆ ಮಡಿಸಿಟ್ಟೆಯಾ, ಮಗುವಿಗೆ ಊಟ ಮಾಡಿಸಿದೆಯಾ.

ಅಮ್ಮ ನೂಲಿನ ಗಿರಣಿಯಲ್ಲಿ ಎರಡನೆಯ ಪಾಳಿ. ಮಧ್ಯಾಹ್ನ ಹೋದರೆ ರಾತ್ರಿ ಹತ್ತಕ್ಕೆ ಬರುತ್ತಿದ್ದಳು. ಅಪ್ಪ ಪತ್ರಿಕೆಯ ಪ್ರೆಸ್ಸಿನಲ್ಲಿ ಅಚ್ಚುಮೊಳೆ ಜೋಡಿಸುವವರು, ಅವರದ್ದು ಪೂರಾ ರಾತ್ರಿಯೇ. ವಾರಕ್ಕೊಂದು ದಿನ ಅಮ್ಮನಿಗೆ ರಜೆ ಇತ್ತು. ಆ ಒಂದು ಸಂಜೆ ನಾನು ನೀರು ಹಿಡಿಯಲು ನಲ್ಲಿಗೆ ಹೋದಾಗ ಈ ಮುದ್ದೆಲ್ಲ ನಡೆದಿರಬೇಕು. ನನಗೆ ಕಾಣದ ಹಾಗೆ.

ಜುಲೈ 9, ಬುಧವಾರ

ಫೋನೋ ಫೋನು. ರೇಡಿಯೊ ಓದಿ ಅತ್ತವರು, ನಮ್ಮ ಮನೆಯಲ್ಲೂ ಇತ್ತು ಎನ್ನುವವರು. ಎಲ್ಲರಿಗೂ ಅಮ್ಮನ ಬಗ್ಗೆಯೇ ಕೇಳಬೇಕು. "ಎಂಥಾ ತಾಯಿ!" ಎಂದು ಆ ಕಡೆಯಿಂದ ಕೂಗುವುದು ಮಂಚದವರೆಗೂ ಕೇಳಿಸುತ್ತದೆ.

ಸಂಜೆ ಅವಳು ಕಿಟಕಿಯ ಹತ್ತಿರ ಕುರ್ಚಿ ಹಾಕಿಕೊಂಡು ನನ್ನ ಕಡೆ ಬೆನ್ನು ಮಾಡಿ ಕೂತಳು. ಕೆಳಗೆ ರಸ್ತೆಯಲ್ಲಿ ಯಾರೋ ಹೋದರು.

"ಅಕ್ಕಾ, ಹೇಳು ನೋಡೋಣ, ಯಾರು ಬರ್ತಿರೋದು?"

"ನನಗೇನು ಗೊತ್ತು? ಮಲಗಿರೋಳನ್ನ ಕೇಳ್ತೀಯಲ್ಲ."

"ಅದಕ್ಕೇ ಕೇಳಿದ್ದು. ನೋಡದೇ ಹೇಳಬೇಕು."

ಒಂದು ಕಾಲು ಎಳೆದು ನಡೆಯುವ ಸದ್ದು, ಕಬ್ಬಿಣ ಕಲ್ಲಿಗೆ ತಾಗಿದ ಸದ್ದು. ಗ್ಯಾಸ್ ಸಿಲಿಂಡರಿನವನು. ಗೊತ್ತಿತ್ತು. ಹೇಳಲಿಲ್ಲ.

ಜುಲೈ 13, ಭಾನುವಾರ

ಈ ವಾರ ಕಿಟಕಿ. ನಮ್ಮ ಹಳೆಯ ಮನೆಯ ಕಿಟಕಿಗೆ ಅಗಲವಾದ ಕಲ್ಲಿನ ಕಟ್ಟೆ ಇತ್ತು. ದೀಪ ಹತ್ತುವ ಹೊತ್ತಿಗೆ ಅಮ್ಮ ಇವಳನ್ನು ಮಡಿಲಲ್ಲಿ ಕೂರಿಸಿಕೊಂಡು, ಕಣ್ಣು ಮುಚ್ಚಿಸಿ, ಓಣಿಯಲ್ಲಿ ಹೋಗುವವರ ಹೆಜ್ಜೆ ಕೇಳಿಸಿ ಯಾರೆಂದು ಹೇಳಿಸುತ್ತಿದ್ದಳಂತೆ. ಹಾಲಿನವನ ಸೈಕಲ್ಲು, ಪೋಸ್ಟ್‌ಮ್ಯಾನಿನ ಬೂಟು, ಪಕ್ಕದ ಮನೆ ಅಜ್ಜಿಯ ಕೋಲು. ಸರಿಯಾಗಿ ಹೇಳಿದರೆ ಕೆನ್ನೆಗೊಂದು ಮುತ್ತು. ತಪ್ಪಿದರೂ ಒಂದು ಮುತ್ತು.

ತಪ್ಪಿದರೂ ಮುತ್ತಂತೆ!

ಅದೇ ಕಟ್ಟೆಯ ಮೇಲೆ ನಾನು ವ್ಯಾಕರಣ ಬಾಯಿಪಾಠ ಮಾಡಿದ್ದು. ಓದಲು ಬಿಡದೆ ಕುತ್ತಿಗೆಗೆ ಜೋತು ಬೀಳುತ್ತಿದ್ದ ಈ ಗುಬ್ಬಿಯನ್ನು ಕಾಲ ನಡುವೆ ಸಿಕ್ಕಿಸಿಕೊಂಡು. ಒಂದು ಪುಟ ಮುಗಿಯುವವರೆಗೆ ಸುಮ್ಮನಿರು ಎಂದು ಏನಾದರೊಂದು ಆಸೆ ತೋರಿಸಿ. ಅಮ್ಮ ನನಗೆ ಮುತ್ತು ಕೊಟ್ಟ ನೆನಪು ನನಗಿಲ್ಲ. ಕೊಟ್ಟದ್ದನ್ನು ಕಿತ್ತುಕೊಂಡ ನೆನಪು ಇದೆ.

ಅದನ್ನೂ ಬರೆದುಬಿಡುತ್ತೇನೆ. ಅಮ್ಮನ ಬೂದು ಬಣ್ಣದ ಸ್ವೆಟರ್ ನನಗೆ ಹನ್ನೆರಡಾದಾಗ ನನ್ನ ಪಾಲಿಗೆ ಬಂತು. ಚಳಿಗೆ ನನಗೆ ಬೇರೆ ಇರಲಿಲ್ಲ. ದೊಡ್ಡದಾಗಿತ್ತು, ಆದರೂ ಅಮ್ಮನ ವಸ್ತು ಒಂದು ನನ್ನದಾಯಿತು ಎಂಬ ಖುಷಿ. ಹಾಕಿ ಹಾಕಿ ಅದು ನನ್ನ ಮೈಗೇ ಬೆಳೆದ ಹಾಗಾಗಿತ್ತು. ಗುಬ್ಬಿಗೆ ಎಂಟು ತುಂಬಿದ ವರ್ಷ ಅಮ್ಮನಿಗೆ ಬೆಳಗಿನ ಪಾಳಿ ಸಿಕ್ಕಿತು. ಮೊದಲ ದಿನ ಸಂಜೆ ಮನೆಗೆ ಬಂದವಳು, ಇನ್ನೂ ಚಪ್ಪಲಿ ಬಿಟ್ಟಿರಲಿಲ್ಲ, "ಆ ಸ್ವೆಟರ್ ಬಿಚ್ಚಿ ಕೊಡು, ನನಗೆ ಬೇಕು" ಎಂದಳು. ನನಗಾಗ ಹದಿನೆಂಟು. ಬಿಚ್ಚಿ ಕೊಟ್ಟೆ. ಅಮ್ಮ ಅದನ್ನು ಹರಿಯುವವರೆಗೂ ಹಾಕಿಕೊಂಡಳು. ಯಾಕೆಂದು ನಾನು ಕೇಳಲಿಲ್ಲ, ಅವಳು ಹೇಳಲೂ ಇಲ್ಲ. ಅಮ್ಮ ಹೋಗಿ ಇಷ್ಟು ಕಾಲವಾದರೂ ಆ ಸಂಜೆಯನ್ನು ನಾನು ಮರೆತಿಲ್ಲ.

ಇದನ್ನು ಓದಿ ಯಾರೂ ಫೋನ್ ಮಾಡುವುದಿಲ್ಲ.

ಜುಲೈ 14, ಸೋಮವಾರ

ಇವತ್ತು ತಲೆಗೆ ಎಣ್ಣೆ ಹಚ್ಚುತ್ತಾ ಗುಬ್ಬಿ ಕೇಳಿದಳು.

"ಅಕ್ಕಾ, ಒಂದು ಮಾತು ಕೇಳಲಾ? ಬೇಜಾರು ಮಾಡ್ಕೋಬೇಡ."

"ಬೇಜಾರಾಗೋ ಮಾತೇ ಇರಬೇಕು. ಕೇಳು."

"ನಿನ್ನ ಬಗ್ಗೆ ಒಂದು ಕಂತು ಬರೆಯೋಣ ಅಂತ ಎಷ್ಟು ಸಲ ಕೂತೆ ಗೊತ್ತಾ? ಆಗೋದೇ ಇಲ್ಲ. ನಾನು ಚಿಕ್ಕವಳಿದ್ದಾಗಿನ ಯಾವ ಸಂಜೆ ನೆನಪು ಮಾಡ್ಕೊಂಡ್ರೂ ಅಮ್ಮ ಇದ್ದಾಳೆ, ಕಿಟಕಿ ಇದೆ, ರೇಡಿಯೊ ಇದೆ. ನೀನು ಮಾತ್ರ ಇಲ್ಲ." ಕೈ ನಿಲ್ಲಿಸಿದಳು. "ಆವಾಗೆಲ್ಲ ನೀನು ಎಲ್ಲಿರ್ತಿದ್ದೆ?"

ಎಣ್ಣೆ ಕಣ್ಣಿಗೆ ಇಳಿಯಿತು ಎಂದು ಹೇಳಿ ಮುಖ ಒರೆಸಿಕೊಂಡೆ.

ಆಗಸ್ಟ್ ಐದಕ್ಕೆ ಪುಸ್ತಕ ಅಚ್ಚಿಗೆ ಹೋಗುತ್ತದೆ. ಆಮೇಲೆ ಅದೇ ಸತ್ಯ. ಆ ಮನೆಯನ್ನು ಬಲ್ಲವರು ಭೂಮಿಯ ಮೇಲೆ ನಾವಿಬ್ಬರೇ ಉಳಿದಿರುವುದು. ನಾನು ಕಣ್ಣು ಮುಚ್ಚಿದ ಮೇಲೆ ಅಲ್ಲಿ ಒಬ್ಬಳೇ ಮಗಳು ಬೆಳೆದಳು ಎಂದಾಗುತ್ತದೆ.

ಜುಲೈ 16, ಬುಧವಾರ

ಕಾಲು ತುರಿಕೆ. ಪ್ಲಾಸ್ಟರಿನೊಳಗೆ ಸ್ಕೇಲು ತೂರಿಸಿ ಕೆರೆದುಕೊಂಡೆ, ಗುಬ್ಬಿ ಬೈದಳು.

ಜುಲೈ 20, ಭಾನುವಾರ

ಅಂಕಣ ಓದಲಿಲ್ಲ. ಓದಿದೆ ಎಂದು ಸುಳ್ಳು ಹೇಳಿದೆ. "ಹೇಗಿತ್ತು?" ಎಂದಳು. "ಚೆನ್ನಾಗಿತ್ತು" ಎಂದೆ.

"ಈ ವಾರ ನನ್ನ ಅಂಕಣ ಇಲ್ಲ ಅಕ್ಕಾ. ಜಾಹೀರಾತು ಜಾಸ್ತಿ ಬಂತಂತೆ."

ಇಬ್ಬರಿಗೂ ನಗು ಬಂತು. ನಾನು ಬೇಗ ನಿಲ್ಲಿಸಿದೆ.

ಸಂಜೆ ಮತ್ತೆ ಅದೇ ಆಟ. "ಯಾರು ಬರ್ತಿರೋದು?" ಚಪ್ಪಲಿ ಸದ್ದು ಎರಡು ಹೆಜ್ಜೆಗೊಮ್ಮೆ ತಡೆಯುತ್ತಿತ್ತು. "ಟೈಲರ್ ಹೆಂಡತಿ. ಫೋನ್ ನೋಡ್ಕೊಂಡು ನಡೀತಿದ್ದಾಳೆ" ಎಂದೆ. ಗುಬ್ಬಿ ಕಿಟಕಿಯಿಂದ ಬಗ್ಗಿ ನೋಡಿ ಚಪ್ಪಾಳೆ ತಟ್ಟಿದಳು. ಮೇಷ್ಟ್ರ ಎದುರು ಒಪ್ಪಿಸಿದ ಹಾಗಾಯಿತು ನನಗೆ.

ಜುಲೈ 27, ಭಾನುವಾರ

ಇವತ್ತಿನದನ್ನು ಇಲ್ಲಿ ಇದ್ದಂತೆ ಇಳಿಸಿಕೊಳ್ಳುತ್ತೇನೆ.

'ಅಮ್ಮನಿಗೊಂದು ಬೂದು ಸ್ವೆಟರ್ ಇತ್ತು. ಅದರ ತೋಳುಗಳನ್ನು ಮೂರು ಮಡಿಕೆ ಮಡಚಿರುತ್ತಿದ್ದಳು. ಆ ಮಡಿಕೆಗಳೇ ಅವಳ ಜೇಬು. ಒಂದರಲ್ಲಿ ಪೆನ್ಸಿಲ್ ತುಂಡು, ಇನ್ನೊಂದರಲ್ಲಿ ನನಗಾಗಿ ಬಚ್ಚಿಟ್ಟ ಕಡಲೆಕಾಯಿ ಬೀಜ. ಕತ್ತಲಾದರೆ ನಾನು ಆ ತೋಳಿಗೆ ಮೂಗು ಒತ್ತಿ ಮಲಗುತ್ತಿದ್ದೆ. ಮಡಿಕೆಯ ಉಣ್ಣೆ ಕೆನ್ನೆಗೆ ಚುಚ್ಚುತ್ತಿತ್ತು. ಅದಕ್ಕಿಂತ ಮೆತ್ತಗಿನ ದಿಂಬು ನನಗೆ ಆಮೇಲೆ ಸಿಗಲೇ ಇಲ್ಲ.'

ಅಮ್ಮ ಎತ್ತರದ ಹೆಂಗಸು. ಗುಬ್ಬಿಗೆ ಬಂದಿರುವುದು ಅಮ್ಮನ ಎತ್ತರವೇ. ಆ ಸ್ವೆಟರಿನ ತೋಳು ಅಮ್ಮನ ಮಣಿಕಟ್ಟಿಗೆ ಸರಿಯಾಗಿ ಬಂದು ನಿಲ್ಲುತ್ತಿತ್ತು. ಅವಳು ಯಾಕೆ ಮಡಚುತ್ತಾಳೆ? ಗಿರಣಿಯಲ್ಲಿ ದಾರ ಜೋಡಿಸುವವಳಿಗೆ ಪೆನ್ಸಿಲ್ ಯಾಕೆ ಬೇಕು?

ಮಡಚದಿದ್ದರೆ ಬೆರಳೇ ಕಾಣದಂತಿದ್ದವಳು ನಾನು. ಪೆನ್ಸಿಲ್ ನನ್ನದು, ವ್ಯಾಕರಣದ ಪುಸ್ತಕದಲ್ಲಿ ಗೆರೆ ಎಳೆಯಲು. ಬೀಜವೂ ನನ್ನ ಪಾಲಿನದೇ. ಗುಬ್ಬಿಯ ಬಾಯಿ ಮುಚ್ಚಿಸಲು ಉಳಿಸಿಟ್ಟದ್ದು.

ಅಂದರೆ ರೇಡಿಯೊ.

ಅಂದರೆ ಕಿಟಕಿ. ಮುತ್ತು.

ಒಂದು ತಿಂಗಳಿಂದ ನಾನು ಹೊಟ್ಟೆ ಉರಿದುಕೊಂಡದ್ದು ಯಾರ ಮೇಲೆ?

ಜುಲೈ 28, ಸೋಮವಾರ

ಸಂತೋಷವಾಗಬೇಕಿತ್ತು. ಆಗಲಿಲ್ಲ. ಮೊದಲು ನನಗೆ ಸಿಗದದ್ದು ಅವಳಿಗೆ ಸಿಕ್ಕಿತು ಎಂದು ಉರಿಯುತ್ತಿತ್ತು. ಈಗ ನಾನು ಕೊಟ್ಟದ್ದರ ಹೆಸರು ಅಮ್ಮನಿಗೆ ಹೋಯಿತು ಎಂದು ಉರಿಯುತ್ತಿದೆ. ಊರವರೆಲ್ಲ ಎಂಥಾ ತಾಯಿ, ಎಂಥಾ ತಾಯಿ ಎಂದು ಕೊಂಡಾಡುತ್ತಿರುವುದು ಎರಡು ಜಡೆಯ, ಬೆರಳಿಗೆಲ್ಲ ಮಸಿಯ ಒಂದು ಹುಡುಗಿಯನ್ನು. ಆ ಹುಡುಗಿ ಇಲ್ಲಿ ಕಾಲು ಮೇಲೆ ಮಾಡಿಕೊಂಡು ಬಿದ್ದಿದ್ದಾಳೆ, ಫೋನು ಪಕ್ಕದ ಕೋಣೆಯಲ್ಲಿ ಬಡಿದುಕೊಳ್ಳುತ್ತದೆ.

ಗುಬ್ಬಿಗೆ ಈಗಲೇ ಹೇಳಿದರೆ ನಕ್ಕು ಬಿಡುತ್ತಾಳೆ, ಇಲ್ಲವೇ ನನ್ನ ಸಮಾಧಾನಕ್ಕೆ ಹೌದು ಎನ್ನುತ್ತಾಳೆ. ಎರಡೂ ಬೇಡ. ಅಚ್ಚಿಗೆ ಹೋಗುವ ಮೊದಲು ಪುಸ್ತಕದ ಪ್ರೂಫ್ ತಿದ್ದಲು ನನಗೇ ಕೊಡುತ್ತೇನೆ ಎಂದಿದ್ದಾಳೆ. ಬರಲಿ. ಪೆನ್ಸಿಲ್ ಚೂಪು ಮಾಡಿ ಇಟ್ಟುಕೊಂಡಿದ್ದೇನೆ.

ಜುಲೈ 31, ಗುರುವಾರ

ಪುರವಣಿಯ ಸಂಪಾದಕಿ ತಾನೇ ಪ್ರೂಫ್ ತಂದಳು. ಚುರುಕಾದ ಹುಡುಗಿ, ಕೂತಲ್ಲಿ ಕೂರುವುದಿಲ್ಲ.

"ಮೇಡಂ, ನೀವು ಅಕ್ಕ ಅಲ್ವಾ? ಪುಸ್ತಕದಲ್ಲಿ ನೀವು ಎಲ್ಲೂ ಬರೋದೇ ಇಲ್ವಲ್ಲ! ಹಾಸ್ಟೆಲ್‌ನಲ್ಲಿ ಇದ್ರಾ?"

"ಇಲ್ಲ, ಮನೇಲೇ ಇದ್ದೆ."

"ಓ. ನೀವು ತುಂಬ ಸೈಲೆಂಟ್ ಅಂತ ಕಾಣುತ್ತೆ."

ಗುಬ್ಬಿ ಹಿಂದಿನಿಂದ, "ಸೈಲೆಂಟಾ? ನಮ್ಮಕ್ಕನಾ?" ಎಂದು ನಕ್ಕಳು.

ಮೊದಲ ಪುಟದಲ್ಲಿ ಅರ್ಪಣೆ: 'ಸಂಜೆಗಳನ್ನು ಕೊಟ್ಟ ಅಮ್ಮನಿಗೆ.'

ಆಗಸ್ಟ್ 2, ಶನಿವಾರ

ಬೆಳಗಿನಿಂದ ಪ್ರೂಫ್ ಹಿಡಿದು ಕೂತೆ. ರೇಡಿಯೊದ ಬಣ್ಣ ತಿದ್ದಿದೆ, ಕಿವಿ ಬಲಕ್ಕೆ ತಂದೆ. ಓಣಿಯ ತುದಿಯಲ್ಲಿ ಇದ್ದದ್ದು ಸೈಕಲ್ ಅಂಗಡಿ, ಇವಳು ಬರೆದಂತೆ ಗಡಿಯಾರದ ಅಂಗಡಿಯಲ್ಲ. ಅದನ್ನೂ ತಿದ್ದಿದೆ. ಸ್ವೆಟರಿನ ಪುಟ ಬಂತು. ಅಮ್ಮ ಎನ್ನುವ ಪದದ ಕೆಳಗೆ ಪೆನ್ಸಿಲ್ ಇಟ್ಟೆ.

ಇಟ್ಟ ಮೇಲೆ ಬೇಡದ್ದೆಲ್ಲ ನೆನಪಾಯಿತು.

ರಾತ್ರಿ ಹತ್ತಕ್ಕೆ ಅಮ್ಮ ಬರುತ್ತಿದ್ದಳು, ತಲೆಗೂದಲಲ್ಲಿ ಹತ್ತಿಯ ಎಳೆ. ಕೈ ತೊಳೆದು, ತಟ್ಟೆ ಹಿಡಿದು, ಮಲಗಿದ ಗುಬ್ಬಿಯ ಪಕ್ಕ ಕೂತು ಊಟ ಮಾಡುವಳು. ನನಗೆ ಕಣ್ಣು ಎಳೆಯುತ್ತಿದ್ದರೂ ಬಿಡುತ್ತಿರಲಿಲ್ಲ. "ಇವತ್ತು ಏನಂದ್ಲು?" ನಾನು ಹೇಳಬೇಕು. ಗುಬ್ಬಿ ಅಂದದ್ದನ್ನು ಅಂದ ಹಾಗೇ. ನಾನು ಬೇಗ ಮುಗಿಸಲು ಏನಾದರೂ ನುಂಗಿಕೊಂಡರೆ ಗೊತ್ತಾಗುತ್ತಿತ್ತು. "ಮತ್ತೆ? ಆಮೇಲೆ ಏನಂದ್ಲು?" ಸೇರಿಸಿದರೂ ಗೊತ್ತಾಗುತ್ತಿತ್ತು. "ಅವಳು ಹಾಗನ್ನೋದಿಲ್ಲ, ಇದು ನಿನ್ನ ಮಾತು."

ಒಂದು ದಿನ ಮಾತಿನ ಸದ್ದಿಗೆ ಗುಬ್ಬಿ ಎದ್ದಳು. ಅಮ್ಮ ಎತ್ತಿಕೊಳ್ಳಲು ಹೋದರೆ ಕೈ ತಳ್ಳಿ, "ನೀ ಬೇಡ, ಅಕ್ಕ" ಎಂದು ಅಳುತ್ತಾ ನನ್ನ ತೋಳಿಗೆ ಬಂದು ಮೂಗು ಒತ್ತಿದಳು. ಅಮ್ಮ ತಟ್ಟೆ ಎತ್ತಿಕೊಂಡು ಹೋಗಿ ಹೊಸ್ತಿಲಲ್ಲಿ ಕೂತು ಬೀದಿಯ ಕಡೆ ಮುಖ ಮಾಡಿ ಊಟ ಮುಗಿಸಿದಳು. ಆ ದಿನ ಏನಂದಳು ಎಂದು ಕೇಳಲಿಲ್ಲ.

ಆಗ ನನಗೆ ಒಳಗೊಳಗೇ ಹಿಗ್ಗು. ಗೆದ್ದೆ ಎಂದುಕೊಂಡಿದ್ದೆ.

ಬೆಳಗಿನ ಪಾಳಿ ಸಿಕ್ಕಿದ ದಿನವೇ ಚಪ್ಪಲಿಯನ್ನೂ ಬಿಡದೆ ಅಮ್ಮ ಸ್ವೆಟರ್ ಕೇಳಿದ್ದು ಯಾಕೆ ಎಂಬುದು ಇವತ್ತು, ಈ ವಯಸ್ಸಿನಲ್ಲಿ, ಬೇರೆಯವರ ಪ್ರೂಫ್ ತಿದ್ದುವಾಗ ನನಗೆ ಹೊಳೆಯಬೇಕಿತ್ತೇ?

ಪೆನ್ಸಿಲಿನ ಮೊನೆ ಮುರಿಯಿತು. ಆ ಪುಟವನ್ನು ಹಾಗೇ ಬಿಟ್ಟು ಮುಂದಕ್ಕೆ ಹೋದೆ.

ಆಗಸ್ಟ್ 3, ಭಾನುವಾರ

ಸಂಜೆ ಗುಬ್ಬಿ ಕೇಳುವ ಮೊದಲು ನಾನೇ ಕೇಳಿದೆ, "ಯಾರು ಬರ್ತಿರೋದು ಹೇಳು." ಅವಳು ಕಣ್ಣು ಮುಚ್ಚಿ ತುಂಬ ಹೊತ್ತು ಯೋಚಿಸಿ ತಪ್ಪು ಹೇಳಿದಳು. ಕೆನ್ನೆ ಮುಂದೆ ಮಾಡಿದಳು. ಹೋಗೇ ಅತ್ತ ಎಂದೆ.

ಆಗಸ್ಟ್ 4, ಸೋಮವಾರ

ನಡೆದದ್ದನ್ನು ನಡೆದ ಹಾಗೆ ಬರೆಯುತ್ತೇನೆ.

ಬೆಳಗಿನಿಂದ ಮಳೆ, ಥಂಡಿ. ಪ್ರೂಫ್ ನಾಳೆ ಹೋಗಬೇಕು, ಕೊನೆಯ ಪುಟಗಳು ಬಾಕಿ ಇದ್ದವು. ಗುಬ್ಬಿ ತನ್ನ ನೀಲಿ ಸ್ವೆಟರನ್ನು ನನ್ನ ಹೆಗಲಿಗೆ ಹಾಕಿ ಕಾಫಿ ಮಾಡಲು ಹೋದಳು. ನಾನು ತೋಳು ತೂರಿಸಿಕೊಂಡು ಓದುತ್ತಾ ಕೂತೆ. ಅವಳು ಎರಡು ಲೋಟ ಹಿಡಿದು ಬಂದವಳು ಬಾಗಿಲಲ್ಲೇ ನಿಂತಳು.

"ಯಾಕೇ ನಿಂತೆ? ಆರಿಹೋಗುತ್ತೆ, ಕೊಡು."

"ಅಕ್ಕಾ, ಪೆನ್ಸಿಲ್ ಎಲ್ಲಿ?"

ನೋಡಿಕೊಂಡೆ. ಎರಡೂ ತೋಳು ಮಡಚಿದ್ದೆ, ಮೂರು ಮಡಿಕೆ. ಪೆನ್ಸಿಲ್ ಎಡಗೈ ಮಡಿಕೆಯೊಳಗಿತ್ತು. ಕೈ ತಾನೇ ಮಾಡಿಕೊಂಡ ಕೆಲಸ. ಬೇಕೆಂದೇ ಮಾಡಿದೆಯಾ ಎಂದು ಯಾರಾದರೂ ಕೇಳಿದರೆ ಇಲ್ಲ ಎನ್ನುತ್ತೇನೆ. ಪ್ರಮಾಣ ಮಾಡಿ ಹೇಳು ಎಂದರೆ ಹೇಳಲಾರೆ.

ಗುಬ್ಬಿ ಲೋಟಗಳನ್ನು ನೆಲದ ಮೇಲಿಟ್ಟು ಮಂಚದ ಅಂಚಿಗೆ ಕೂತಳು. ನನ್ನ ತೋಳನ್ನು ಮುಟ್ಟಲಿಲ್ಲ, ಬರೀ ನೋಡಿದಳು.

"ಅಮ್ಮನ ಸ್ವೆಟರ್ ನಿನ್ನ ಹತ್ರ ಇತ್ತಾ?"

"ಆರು ವರ್ಷ ಇತ್ತು."

"ರೇಡಿಯೊ? ಕೆಮ್ಮೋ ತಾತ?"

"ನೀನು ವೈರು ಎಳೀತಿದ್ದೆ. ಇನ್ನೇನು ಮಾಡ್ಲಿ?"

"ಕಿಟಕಿ?"

"ನನಗೆ ಮಾರನೇ ದಿನ ಪರೀಕ್ಷೆ ಇರ್ತಿತ್ತು ಕಣೇ. ನೀನು ಓದೋಕೆ ಬಿಡ್ತಿರಲಿಲ್ಲ."

ಒಂದು ವಾರದಿಂದ ನಾನು ಕಾದದ್ದು ಈ ಗಳಿಗೆಗೆ. ಸಾಕ್ಷಿ ಒಪ್ಪಿಕೊಂಡಾಗಿತ್ತು, ಇನ್ನು ಏನೂ ಬೇಕಿರಲಿಲ್ಲ. ಅಷ್ಟರಲ್ಲಿ ಅವಳ ಮುಖ ಕಳಚಿ ಬಿದ್ದ ಹಾಗಾಯಿತು.

"ಹಾಗಾದ್ರೆ ಅಮ್ಮ ಎಲ್ಲಿದ್ಲು?"

ಗಿರಣಿಯಲ್ಲಿ ಎಂದರೆ ಮುಗಿಯುತ್ತಿತ್ತು. ಎಪ್ಪತ್ತು ವರ್ಷದ ಹೆಂಗಸು ನಾಲ್ಕು ವರ್ಷದವಳ ಹಾಗೆ ಬಾಯಿ ತೆರೆದುಕೊಂ‌ಡು ನನ್ನನ್ನೇ ನೋಡುತ್ತಿದ್ದಳು. ನಾನು ಅವಳಿಗೆ ಹತ್ತು ಗಂಟೆಯ ಅಮ್ಮನನ್ನು ಹೇಳಿದೆ. ಕೂದಲಿನ ಹತ್ತಿ, ಕೈಯಲ್ಲಿನ ತಟ್ಟೆ, ಹೊಸ್ತಿಲಲ್ಲಿ ಮುಗಿಸಿದ ಊಟ, ಮತ್ತೆ ಏನಂದ್ಲು, ಆಮೇಲೆ ಏನಂದ್ಲು.

"ನೀನು ಅಂದಿದ್ದು ಒಂದು ಮಾತು ಬಿಟ್ರೂ ನನ್ನ ಸುಮ್ಮನೆ ಬಿಡ್ತಿರಲಿಲ್ಲ ಅವಳು. ನಿನ್ನ ಸಂಜೆಯೆಲ್ಲ ಅವಳಿಗೆ ಬಾಯಿಪಾಠ ಬರ್ತಿತ್ತು. ನೋಡಿರಲಿಲ್ಲ ಅಷ್ಟೇ."

"ಮತ್ತೆ ಸ್ವೆಟರ್? ಅಮ್ಮ ಹಾಕ್ಕೊಂಡಿದ್ದು ನನಗೆ ಚೆನ್ನಾಗಿ ನೆನಪಿದೆ."

"ಕಿತ್ಕೊಂಡ್ಲು. ನೀನು ಆ ಸ್ವೆಟರ್ ಕಂಡ್ರೆ ಓಡಿ ಬಂದು ಮೂಗು ಒತ್ತುತ್ತಿದ್ದೆ, ಒಳಗೆ ಯಾರಿದ್ರೂ ಸರಿ. ಹೊಟ್ಟೆಕಿಚ್ಚು ಕಣೇ ಅಮ್ಮನಿಗೆ. ನನ್ನ ಮೇಲೆ."



"ಎಷ್ಟು ಆಸೆ ಇರಬೇಕು ಅವಳಿಗೆ" ಎಂದಳು ಗುಬ್ಬಿ. ಆಮೇಲೆ, "ನಿನಗೆ ಚಳಿ ಆಗಿರಬೇಕಲ್ಲ ಅಕ್ಕಾ, ಅದನ್ನ ಬಿಚ್ಚಿಕೊಟ್ಟ ಮೇಲೆ."

ಅದನ್ನು ಇದುವರೆಗೆ ಯಾರೂ ಕೇಳಿರಲಿಲ್ಲ.

"ಆಗಿತ್ತು" ಎಂದೆ.

ಅವಳು ತಲೆ ಬಗ್ಗಿಸಿ ನನ್ನ ತೋಳಿನ ಮಡಿಕೆಗೆ ಮೂಗು ಒತ್ತಿದಳು. ಪೆನ್ಸಿಲ್ ಕಣ್ಣಿಗೆ ಚುಚ್ಚೀತು ಎಂದು ನಾನು ಅದನ್ನು ತೆಗೆದೆ.

ಕಾಫಿ ಆರಿಹೋಗಿತ್ತು. ಅದನ್ನೇ ಕುಡಿದೆವು.

"ನಾಳೆ ಪ್ರೂಫ್ ಕೊಡಬೇಕು, ಏನು ಮಾಡ್ಲಿ ಈಗ?"

"ಪುಸ್ತಕ ಹಾಗೇ ಹೋಗಲಿ. ಇದನ್ನ ಬರೀಬೇಕು ಅನ್ಸಿದ್ರೆ ಮುಂದೆ ಬರಿ. ರೇಡಿಯೊ ಬಣ್ಣ ಮಾತ್ರ ಮರೀಬೇಡ."

ಆಗಸ್ಟ್ 8, ಶುಕ್ರವಾರ

ಪ್ಲಾಸ್ಟರ್ ಕತ್ತರಿಸಿದರು. ಒಳಗಿಂದ ಯಾರದೋ ಕಾಲು ಬಂತು, ಸಣಕಲು. ಮನೆಗೆ ಬಂದು ಗುಬ್ಬಿಯ ಹೆಗಲು ಹಿಡಿದು ಕಿಟಕಿಯವರೆಗೆ ನಡೆದೆ. ನನ್ನ ಹೆಜ್ಜೆಯ ಸದ್ದು ಕೇಳಿ ಅವಳು ಕಣ್ಣು ಮುಚ್ಚಿ, "ಯಾರೋ ಮುದುಕಿ" ಎಂದಳು. ಹಿಡಿದಿದ್ದ ಹೆಗಲನ್ನೇ ಚಿವುಟಿದೆ.

ಆಗಸ್ಟ್ 17, ಭಾನುವಾರ

ಗುಬ್ಬಿ ಊರಿಗೆ ಹೋಗಿ ಮೂರು ದಿನವಾಯಿತು. ನೀಲಿ ಸ್ವೆಟರ್ ಇಲ್ಲೇ ಬಿಟ್ಟು ಹೋಗಿದ್ದಾಳೆ. ಫೋನಿನಲ್ಲಿ ಕೇಳಿದರೆ, ಮರೆತೆ ಎಂದಳು. ಸುಳ್ಳು.

ಇವತ್ತಿನ ಅಂಕಣದಲ್ಲಿ ಎಲ್ಲ ಬರೆದಿದ್ದಾಳೆ. ತಾನು ತಪ್ಪು ತಿಳಿದದ್ದು, ಮೂರು ಮಡಿಕೆ, ಹತ್ತು ಗಂಟೆಯ ಅಮ್ಮ, ಹೊಸ್ತಿಲು. ನಾನು ಹೇಳಿದ್ದನ್ನು ಹೇಳಿದ ಹಾಗೇ ಬರೆದಿದ್ದಾಳೆ, ಅದು ದೊಡ್ಡ ವಿಷಯ. ಒಂದು ತಪ್ಪು ಇದೆ: ಪೆನ್ಸಿಲ್ ಬಲತೋಳಿನಲ್ಲಿತ್ತು ಎಂದಿದ್ದಾಳೆ.

ಹತ್ತೂವರೆಗೆ ಮೆಟ್ಟಿಲಲ್ಲಿ ಚಪ್ಪಲಿ ಸದ್ದು, ಮೇಲೆ ಬಂದಂತೆ ನಿಧಾನ. ಟೈಲರ್ ಎಂದು ಬಾಗಿಲು ತೆಗೆಯುವ ಮೊದಲೇ ಗೊತ್ತಾಯಿತು.

"ಓದಿದ್ವಿ ಅಮ್ಮಾ. ನನ್ನ ಹೆಂಡತಿ ಅರ್ಧಕ್ಕೇ ನಿಲ್ಲಿಸಿಬಿಟ್ಲು, ಉಳಿದಿದ್ದನ್ನ ನಾನೇ ಓದಿದೆ. ಪಾಪ ಆ ತಾಯಿ! ಹೊಸ್ತಿಲಲ್ಲಿ ಕೂತು ಊಟ ಮಾಡಿದ್ದು... ಎಂಥಾ ತಾಯಿ ಅಮ್ಮಾ!"

ಇಷ್ಟೆಲ್ಲ ಆದ ಮೇಲೂ ಹೆಸರು ಅಮ್ಮನಿಗೇ. ಮತ್ತೆ ಉರಿಯಿತು, ಇಲ್ಲವೆಂದು ಯಾಕೆ ಬರೆಯಲಿ?

"ಹೌದು, ಒಳ್ಳೇ ತಾಯಿ. ಕೂತ್ಕೊಳ್ಳಿ" ಎಂದೆ.

ಕೂತರು. ಕಸುಬಿನ ಕಣ್ಣು, ನಾನು ಹಾಕಿಕೊಂಡಿದ್ದ ಸ್ವೆಟರಿನ ಮೇಲೆ ಹೋಯಿತು.

"ಇದು ನಿಮ್ಮ ಅಳತೆಗೆ ಹೆಣೆದಿದ್ದಲ್ಲ. ತೋಳು ಎಷ್ಟು ಉದ್ದ ಆಗಿದೆ ನೋಡಿ, ಮಡಚಿ ಮಡಚಿ ಗಂಟಾಗಿದೆ. ಬಿಚ್ಚಿ ಕೊಡಿ, ಸಂಜೆಯೊಳಗೆ ಕತ್ತರಿಸಿ ಅಂಚು ಹಾಕಿಕೊಡ್ತೀನಿ."

"ಬೇಡ" ಎಂದೆ. "ಪೆನ್ಸಿಲ್ ಎಲ್ಲಿಡಲಿ?"